ಮೂರು ಬೆರಳಿನ ಮಳೆ

ನಮ್ಮ ಮನೆಯ ಬಚ್ಚಲ ನೀರಿಗೆ ಒಮ್ಮೆ ಮಂಗಳಾರತಿ ಆಗಿದೆ. ಜಂಬಕ್ಕೆ ಹೇಳುತ್ತಿಲ್ಲ. ಅಂಥ ಭಾಗ್ಯ ಎಲ್ಲ ಗುಮಾಸ್ತರಿಗೂ ಒದಗುವುದಿಲ್ಲ, ಒದಗಿದವನು ಅದನ್ನು ಹೇಳಿಕೊಳ್ಳಲು ನಾಚಬೇಕು. ನಾನು ಇಷ್ಟು ವರ್ಷ ನಾಚಿಕೊಂಡೇ ಇದ್ದೆ. ಈಗ ವಯಸ್ಸಾಯಿತು. ನಾಚಿಕೆಯನ್ನು ಇಟ್ಟುಕೊಂಡು ಮಾಡುವುದೂ ಏನಿಲ್ಲ.

ಎಂಬತ್ತರ ದಶಕ ಶುರುವಾದಾಗ ನಾವು ಹೊಸಹಳ್ಳಿಯ ಬಾಡಿಗೆ ಮನೆ ಬಿಟ್ಟು, ಇನ್ನೂ ಪಶ್ಚಿಮಕ್ಕೆ, ವಿಜಯನಗರ ಮುಗಿದು ರಾಗಿ ಹೊಲ ಶುರುವಾಗುವ ಕಡೆ ಒಂದು ಸೈಟು ತೆಗೆದುಕೊಂಡು ಮನೆ ಕಟ್ಟಿಸಿದೆವು. ಬಡಾವಣೆ ಎಂಬುದು ಕಾಗದದ ಮೇಲಿತ್ತು. ನೆಲದ ಮೇಲೆ ಹನ್ನೊಂದು ಮನೆಗಳು, ನೂರಾರು ಕಲ್ಲುಗೂಟಗಳು ಮತ್ತು ಒಂದು ಕ್ಷೇಮಾಭಿವೃದ್ಧಿ ಸಂಘ ಇದ್ದವು. ಬೇರೆ ಯಾರೂ ಒಪ್ಪದ್ದರಿಂದ ನಾನೇ ಸಂಘದ ಕಾರ್ಯದರ್ಶಿ. ನನ್ನ ಆಡಳಿತಾವಧಿಯ ಏಕೈಕ ಸಾಧನೆ ಒಂದು ಮೋರಿ. ಚರಂಡಿ ಬೇಕೆಂದು ಸಂಬಂಧಪಟ್ಟವರಿಗೆಲ್ಲ ಅರ್ಜಿ ಬರೆದೆ. ಉತ್ತರ ಬರಲಿಲ್ಲ. ಕೊನೆಗೆ ಒಂದು ಭಾನುವಾರ ಹನ್ನೊಂದು ಮನೆಯ ಗಂಡಸರು ಪಂಚೆ ಎತ್ತಿ ಕಟ್ಟಿ, ಗುದ್ದಲಿ ಹಿಡಿದು, ನಮ್ಮ ಹಿಂದಿನ ಗೋಡೆಯಿಂದ ಇಳಿಜಾರಿನ ಹಳೇ ಕಾಲುವೆಯವರೆಗೆ ನಾವೇ ತೋಡಿದೆವು. ನೀರು ಸರಾಗವಾಗಿ ಹರಿದು ಹೋಯಿತು. ನಾವು ಚಪ್ಪಾಳೆ ತಟ್ಟಿದೆವು. ಎಲ್ಲಿಗೆ ಹೋಯಿತು ಎಂದು ಯಾರೂ ಕೇಳಲಿಲ್ಲ. ನಮ್ಮ ಮನೆ ಮುಂದೆ ನಿಲ್ಲದ ನೀರು ನಮ್ಮ ಪಾಲಿಗೆ ಇಲ್ಲದ ನೀರು.

ಹೋಗುತ್ತಿದ್ದದ್ದು ಕೆರೆಗೆ. ಬಡಾವಣೆಯಿಂದ ಮುಕ್ಕಾಲು ಮೈಲಿ ಕೆಳಗೆ ಒಂದು ಹಳ್ಳಿ, ಹಳ್ಳಿಗೆ ತಲೆದಿಂಬಿನ ಹಾಗೆ ಒಂದು ಕೆರೆ. ಏರಿಯ ಮೇಲೆ ಸಾಲಾಗಿ ಹೊಂಗೆ ಮರ. ಒಂದು ಕೊನೆಯಲ್ಲಿ ಗದ್ದೆಗೆ ನೀರು ಬಿಡುವ ತೂಬು, ಇನ್ನೊಂದು ಕೊನೆಯಲ್ಲಿ ಕೋಡಿ. ಕೆರೆ ತುಂಬಿ ಹೆಚ್ಚಾದ ನೀರು ಆ ಕಲ್ಲುಕಟ್ಟಡದ ಮೇಲಿಂದ ದಾಟಿ ಮುಂದಿನ ಊರಿನ ಕೆರೆಗೆ ಹೊರಡಬೇಕು. ಅಂಚಿನಲ್ಲಿ ಆಳೆತ್ತರದ ಜೊಂಡು, ಜೊಂಡಿನೊಳಗೆ ನೀರುಕೋಳಿ. ಚಳಿ ಬಿದ್ದರೆ ಎಲ್ಲಿಂದಲೋ ಬಾತುಗಳು ಬಂದು ಇಳಿಯುತ್ತಿದ್ದವು. ಸಂಜೆ ಆಫೀಸಿನಿಂದ ಬಂದು ಕಾಫಿ ಕುಡಿದು ನಾನು ಆ ಏರಿಯ ಮೇಲೆ ವಾಯುವಿಹಾರ ಮಾಡುತ್ತಿದ್ದೆ. ಹಳ್ಳಿಯವರು ಇದನ್ನು ಕೆಲಸವಿಲ್ಲದವರ ಓಡಾಟ ಎಂದು ಸರಿಯಾಗಿಯೇ ಗುರುತಿಸಿದ್ದರು.

ಅಲ್ಲಿ ಪರಿಚಯವಾದವರು ನೀರುಗಂಟಿ. ಕೆರೆ ಕಾಯುವುದು, ತೂಬು ಎತ್ತುವುದು, ಇಳಿಸುವುದು, ಯಾರ ಗದ್ದೆಗೆ ಎಷ್ಟು ಹೊತ್ತು ನೀರು ಎಂದು ಹಂಚುವುದು ಅವರ ಮನೆತನದ ಕೆಲಸ. ಎಪ್ಪತ್ತು ದಾಟಿದ ಆಸಾಮಿ, ಒಣಗಿದ ಹುಣಸೆ ಕೊಂಬೆಯ ಹಾಗೆ ಮೈ. ಏರಿಯ ಮೇಲೆ ಎಂದೂ ಚಪ್ಪಲಿ ಮೆಟ್ಟಿದವರಲ್ಲ. ಒಂದೇ ಚಟ, ನಶ್ಯ. ಐವತ್ತು ವರ್ಷ ಏರಿಸಿ ಏರಿಸಿ ಮೂಗು ಕೆಲಸ ಬಿಟ್ಟಿತ್ತು. ಕಣ್ಣಿಗೆ ಪೊರೆ ಬಂದಿತ್ತು. ತಲೆಯ ಮೇಲೆ ಮಾತ್ರ ಸದಾ ಒಂದು ರುಮಾಲು. ಅಂಚಿನ ಕೆಂಪು ಮಾಸಿ ಕಂದಾಗಿ, ಬಟ್ಟೆ ಎಳೆ ಎಳೆಯಾಗಿ ಬಿಟ್ಟುಕೊಂಡಿತ್ತು.

"ಹೊಸದು ತಗೊಳ್ಳಬಾರದಾ ಯಜಮಾನ್ರೇ?" ಎಂದು ಒಮ್ಮೆ ತಿಳಿಯದೆ ಕೇಳಿದೆ.

"ತಗೊಳ್ಳೋದಲ್ಲ ಸೋಮಿ ಇದು, ಕಟ್ಟಿಸ್ಕೊಳ್ಳೋದು," ಎಂದರು.

ಪದ್ಧತಿ ಹೀಗಿತ್ತು. ಕೆರೆ ತುಂಬಿ ಕೋಡಿ ಹರಿದ ದಿನ ಊರೆಲ್ಲ ಅಲ್ಲಿ ಸೇರಬೇಕು. ನೀರುಗಂಟಿ ಕೋಡಿ ದಾಟುವ ನೀರನ್ನು ಬೊಗಸೆಯಲ್ಲಿ ಹಿಡಿದು ಕುಡಿದು, "ತಾಯಿ ತುಂಬಿದಾಳೆ" ಎಂದು ಊರಿಗೆ ಹೇಳಬೇಕು. ಅವನು ಹೇಳುವವರೆಗೂ ಕೆರೆ ತುಂಬಿದರೂ ತುಂಬಿಲ್ಲ. ಹೇಳಿದ ಮೇಲೆ ಪಟೇಲರು ಅವನ ತಲೆಗೆ ಹೊಸ ರುಮಾಲು ಕಟ್ಟಬೇಕು. ಆಮೇಲೆ ಹೆಂಗಸರು ಬಾಗಿನ ಬಿಡುವುದು, ಗದ್ದೆಗೆ ನಾಟಿ ಹಾಕುವುದು, ಎಲ್ಲ. ಅವರ ತಲೆಯ ಮೇಲಿದ್ದ ರುಮಾಲಿಗೆ ಆಗ ಎಂಟು ವರ್ಷ. ಎಂಟು ವರ್ಷದಿಂದ ಕೋಡಿ ಹರಿದಿರಲಿಲ್ಲ.

"ನಮ್ಮಪ್ಪ ಸಾಯೋವಾಗ ತಲೆ ಮೇಲೆ ಹೊಸ ರುಮಾಲಿತ್ತು. ನಂಗೂ ಇನ್ನೊಂದ್ಸಲ ಕಟ್ಟಿಸ್ಕೊಂಡು ಹೋಗ್ಬೇಕು, ಅಷ್ಟೇಯ," ಎನ್ನುತ್ತಿದ್ದರು. ಬೇರೆ ಆಸೆ ಇದ್ದದ್ದನ್ನು ನಾನು ಕೇಳಿಲ್ಲ.

ಮಳೆ ಕೆಟ್ಟಿತ್ತು. ಆಗ ನಮಗೆ ಗೊತ್ತಿದ್ದ ಮಾತು ಅದೊಂದೇ. ಈಗ ಹವಾಮಾನ ಬದಲಾವಣೆ ಎಂಬ ಗೌರವಾನ್ವಿತ ಹೆಸರು ಬಂದಿದೆ. ಅದೂ ಇದೂ ಒಂದೇ ಎಂದು ತೀರ್ಪು ಕೊಡುವ ಯೋಗ್ಯತೆ ನನಗಿಲ್ಲ. ನೀರುಗಂಟಿ ಹೇಳುತ್ತಿದ್ದದ್ದು ಇಷ್ಟು. ಮೊದಲು ಮಳೆಗೆ ಹೆಸರಿತ್ತು, ಹೆಸರಿಗೆ ತಕ್ಕ ನಡತೆ ಇತ್ತು. ಭರಣಿ ಬಂದರೆ ಧರಣಿಯೆಲ್ಲ ಬೆಳೆ. ಮಘೆ ಮನೆಮಗ ಉಂಡ ಹಾಗೆ ಎಷ್ಟು ಬಂದರೂ ಒಳ್ಳೆಯದು. ಹಸ್ತ, ಚಿತ್ತೆ ಎರಡೂ ಹಗಲು ರಾತ್ರಿ ಜಿನುಗಿ ಕೆರೆಯನ್ನು ಕೋಡಿಗೆ ತಂದು ನಿಲ್ಲಿಸಬೇಕು. ಈಗ ಆ ನಕ್ಷತ್ರಗಳೆಲ್ಲ ಪಂಚಾಂಗದಲ್ಲಿ ಸರಿಯಾದ ಹೊತ್ತಿಗೆ ಹಾಜರಾಗುತ್ತವೆ, ಕೆಲಸ ಮಾತ್ರ ಮಾಡುವುದಿಲ್ಲ. ತಿಂಗಳುಗಟ್ಟಲೆ ಒಣ ಮೋಡ. ಆಮೇಲೆ ಒಂದು ಸಂಜೆ ಯಾರೋ ಅಟ್ಟಿಸಿಕೊಂಡು ಬಂದ ಹಾಗೆ ಒಂದು ಗಂಟೆ ಬಡಿದು ಮಾಯ. ಅದೂ ಬಾಪೂಜಿ ನಗರದಲ್ಲಿ ಬಂದರೆ ವಿಜಯನಗರದಲ್ಲಿ ಇಲ್ಲ. ಸರ್ಕಾರಿ ನೌಕರನಾದ ನನಗೆ ಈ ವರ್ತನೆ ಅಪರಿಚಿತವೇನೂ ಆಗಿರಲಿಲ್ಲ.

ಈ ಅವ್ಯವಸ್ಥೆಯನ್ನು ದಾಖಲಿಸುವವರು ಯಾರಾದರೂ ಬೇಕಲ್ಲ ಎಂದು ನಾನು ತಾರಸಿಯ ಮೇಲೆ ಒಂದು ನೆಟ್ಟನೆ ಗೋಡೆಯ, ಅಗಲ ಬಾಯಿಯ ಗಾಜಿನ ಸೀಸೆ ಇಟ್ಟೆ. ಮಳೆ ಬಂದ ಮರುದಿನ ಅಳೆದು ನೋಟ್‌ಬುಕ್ಕಿನಲ್ಲಿ ಬರೆಯುವುದು.

"ಮಳೆ ಅಳೆಯೋಕೆ ಸೀಸೆ ಇದೆ, ಅಡುಗೆಮನೆ ಸೋರೋ ಕಡೆ ಇಡೋಕೆ ಒಂದು ಬಕೆಟ್ ಇಲ್ಲ," ಎಂದಳು ನನ್ನ ಹೆಂಡತಿ.

"ಅದು ಬೇರೆ ಇಲಾಖೆ," ಎಂದೆ.

ನೀರುಗಂಟಿಗೆ ಸೀಸೆಯ ವಿಷಯ ಹೇಳಿದಾಗ ಅವರು ನಗಲಿಲ್ಲ. "ನಂಗೂ ಒಂದ್ ಸೀಸೆ ಐತೆ, ಬನ್ನಿ," ಎಂದು ಜೊಂಡಿನ ಹತ್ತಿರ ಕರೆದುಕೊಂಡು ಹೋಗಿ ತೋರಿಸಿದರು. ಒಳ್ಳೆಯ ಮಳೆ ಬರುವ ವರ್ಷ ನೀರುಕೋಳಿ ಗೂಡನ್ನು ಮೇಲೆ ಕಟ್ಟುತ್ತದೆ. ಬರದ ವರ್ಷ ಕೆಳಗೆ. ಅದನ್ನು ನೋಡಿಕೊಂಡು ಅವರಪ್ಪ, ಅವರಜ್ಜ ತೂಬಿನ ಲೆಕ್ಕಾಚಾರ ಇಡುತ್ತಿದ್ದರಂತೆ. ಕಪ್ಪೆ ಯಾವ ಕಡೆ ಕೂಗುತ್ತದೆ, ಏಡಿ ಬಿಲದ ಬಾಯಿಯನ್ನು ಯಾವಾಗ ಮಣ್ಣು ಹಾಕಿ ಮುಚ್ಚುತ್ತದೆ, ಎಲ್ಲವೂ ಅವರಿಗೆ ಕಾಗದಪತ್ರ. ನನ್ನ ಸೀಸೆ ಬಿದ್ದ ಮಳೆಯನ್ನು ಹೇಳುತ್ತಿತ್ತು, ಅವರ ನೀರುಕೋಳಿ ಬೀಳಲಿರುವ ಮಳೆಯನ್ನು.

ಬಡಾವಣೆಯಲ್ಲಿ ಹನ್ನೊಂದು ಮನೆ ನೂರಾಯಿತು. ಪ್ರತಿಯೊಬ್ಬರೂ ನನ್ನ ಮೋರಿಗೆ ಒಂದೊಂದು ಪೈಪು ಸೇರಿಸಿದರು, ಕಾರ್ಯದರ್ಶಿಗಳ ದೂರದೃಷ್ಟಿಯನ್ನು ಹೊಗಳಿದರು. ಆ ಹೊತ್ತಿಗೇ ಕೆರೆಯಲ್ಲಿ ಒಂದು ವಿಚಿತ್ರ ನಡೆಯಿತು. ಬೇಸಿಗೆ ಬಂದರೂ ನೀರು ಇಳಿಯಲಿಲ್ಲ. ಮಳೆಯಿಲ್ಲದೆ, ಬಾವಿಗಳೆಲ್ಲ ತಳ ಕಂಡಿದ್ದ ವರ್ಷದಲ್ಲಿ ಕೆರೆ ಮಾತ್ರ ಚೂರು ಚೂರೇ ಏರತೊಡಗಿತು. ಕೆಳಗಿನ ಗದ್ದೆಗಳಲ್ಲಿ ಅರ್ಧ ಸೈಟಾಗಿದ್ದವು, ಉಳಿದರ್ಧಕ್ಕೆ ನಾಟಿಯಿರಲಿಲ್ಲ. ಹಾಗಾಗಿ ತೂಬು ಎತ್ತುವ ಪ್ರಮೇಯವೇ ಬರುತ್ತಿರಲಿಲ್ಲ. ಹಳ್ಳಿಯವರಿಗೆ ಖುಷಿ. ಬೇಸಿಗೆಯಲ್ಲೂ ನೀರು!

ನೀರುಗಂಟಿಗೆ ಖುಷಿಯಿರಲಿಲ್ಲ. "ಕೆರೆ ಅಂದ್ರೆ ಬತ್ತಬೇಕು ಸೋಮಿ," ಎಂದರು. "ಬತ್ತಿ, ಬಿರುಕು ಬಿಟ್ಟು, ದನ ಮೇಯ್ದು, ಗೋಡು ಮಣ್ಣು ಹೊಲಕ್ಕೆ ಹೋಗಿ, ಆಮೇಲೆ ತುಂಬಬೇಕು. ಬಸ್ರಿ ಆಗ್ದೇನೆ ಹೆರೋಕಾಯ್ತದಾ?"

ಆ ವರ್ಷ ನೀರಿನ ಮೇಲೆ ಅಂತರಗಂಗೆ ಬಂತು. ನೇರಳೆ ಹೂವು, ದಪ್ಪ ಹಸಿರು ಎಲೆ. ನೋಡಲು ಚೆಂದ ಎಂದು ನಮ್ಮ ಬಡಾವಣೆಯವರು ಕೆಲವರು ಕಿತ್ತುಕೊಂಡು ಬಂದು ಬಕೆಟ್ಟಿನಲ್ಲಿ ಬೆಳೆಸಿದರು. ಎರಡು ತಿಂಗಳಲ್ಲಿ ಅದು ಜೊಂಡನ್ನು ಮುಚ್ಚಿ ಮಲಗಿಸಿತು. ಮೀನು ಮಗುಚಿಕೊಂಡು ದಡಕ್ಕೆ ಬಂದವು. ಬೆಳ್ಳಕ್ಕಿಗಳು ಎರಡು ದಿನ ಹಬ್ಬ ಮಾಡಿ, ಮೂರನೆಯ ದಿನದಿಂದ ಕಾಣಲಿಲ್ಲ. ನೀರುಗಂಟಿ ಕಣ್ಣಿಗೆ ಕೈ ಅಡ್ಡ ಹಿಡಿದು ದಡದುದ್ದಕ್ಕೂ ಹುಡುಕಿದರು.

"ನೀರುಕೋಳಿ ಗೂಡೇ ಕಟ್ಟಿಲ್ಲ ಈ ವರ್ಷ. ಜೊಂಡೇ ಇಲ್ಲ, ಎಲ್ ಕಟ್ತದೆ?" ಎಂದು ಹಿಂತಿರುಗಿ ಬಂದರು. ಏರಿಯ ಮೇಲೆ ಕುಳಿತು ಒಂದು ಚಿಟಿಕೆ ನಶ್ಯ ಏರಿಸಿದರು. ಆಮೇಲೆ, "ಇನ್ಮೇಲೆ ನಿಮ್ಮ ಸೀಸೆನೇ ನಂಗೆ ಗತಿ," ಎಂದರು.

ಅಂದಿನಿಂದ ಅವರು ಮಳೆ ಬಿದ್ದ ಮರುದಿನ ಬೆಳಿಗ್ಗೆ ನಮ್ಮ ಗೇಟಿನ ಹತ್ತಿರ ಬಂದು ನಿಲ್ಲುವುದು ರೂಢಿಯಾಯಿತು. "ಎಷ್ಟು ಬೆರಳು?" ನಾನು ಒಂದು, ಒಂದೂವರೆ ಎನ್ನುತ್ತಿದ್ದೆ. ಅವರ ಮಟ್ಟಿಗೆ ಲೆಕ್ಕ ಸರಳ. ಹಸ್ತ, ಚಿತ್ತೆ ಸೇರಿ ಮೇಲ್ಗಡೆ ಒಂದು ಗೇಣು ಬಿದ್ದರೆ ಕೋಡಿ. ನಮ್ಮ ಮನೆ ಮೇಲ್ಗಡೆ. ನಾನು ಓದಿದವನು. ಸೀಸೆ ಗಾಜಿನದು. ಇನ್ನೇನು ಬೇಕು?

ಹಸ್ತ ಒಣಗಿ ಹೋಯಿತು. ಚಿತ್ತೆಯಲ್ಲಿ ಒಂದು ಸಂಜೆ ಮಳೆ ಬಂತು. ಅದನ್ನು ಮಳೆ ಎನ್ನುವುದಕ್ಕಿಂತ ಆಕಾಶ ಬುಟ್ಟಿ ಮಗುಚಿತು ಎನ್ನಬೇಕು. ಮುಕ್ಕಾಲು ಗಂಟೆ. ನಮ್ಮ ಬಡಾವಣೆಯಲ್ಲಿ ಅಷ್ಟು ಹೊತ್ತಿಗೆ ಮಣ್ಣೆಂಬುದು ಹೂಕುಂಡದಲ್ಲಿ ಮಾತ್ರ ಉಳಿದಿತ್ತು. ತಾರಸಿ, ಅಂಗಳ, ಬೀದಿ ಎಲ್ಲದರ ಮೇಲಿಂದ ಜಾರಿದ ನೀರು ಒಂದು ಹನಿಯೂ ಇಂಗದೆ ಮೋರಿಗೆ, ಮೋರಿಯಿಂದ ಕಾಲುವೆಗೆ, ಕಾಲುವೆಯಿಂದ ಕೆರೆಗೆ ನುಗ್ಗಿತು. ಕೆರೆ ಮೊದಲೇ ಕುತ್ತಿಗೆಯವರೆಗೆ ನಮ್ಮ ಬಚ್ಚಲ ನೀರು ಕುಡಿದು ಕುಳಿತಿತ್ತು.

ಬೆಳಿಗ್ಗೆ ನಾನು ತಾರಸಿಗೆ ಹೋಗಿ ನೋಡಿದೆ. ಮೂರು ಬೆರಳು. ಸೀಸೆ ಚೆಲ್ಲಬೇಕು ಎನ್ನುವಷ್ಟರಲ್ಲಿ ಕೆಳಗೆ ಕೂಗು. ನೀರುಗಂಟಿ ಓಡಿ ಬಂದಿದ್ದರು. ಅವರು ಓಡಿದ್ದನ್ನು ನಾನು ಅದೊಂದೇ ಸಲ ನೋಡಿದ್ದು.

"ಸೋಮಿ, ಕೋಡಿ ಮೇಲೆ ನೀರು ಐತೆ ಅಂತಾರೆ. ಸಪ್ಪಳ ನಂಗೂ ಕೇಳ್ತು. ನಮ್ಮನೆತಾವ ಅಷ್ಟೇನ್ ಹುಯ್ಲಿಲ್ಲ. ಮೇಲ್ಗಡೆ ಹುಯ್ತಾ? ಪಟೇಲ್ರು ಇವತ್ತೇ ಪೂಜೆ ಅಂತವ್ರೆ, ನಿಂತೋಗೋ ಮುಂಚೆ. ನಾನ್ ಹೇಳ್ಬೇಕು. ಎಷ್ಟು ಬೆರಳು?"

ಪೊರೆ ಬಂದ ಆ ಎರಡು ಕಣ್ಣು ನನ್ನ ಮುಖದ ಕಡೆ ಎತ್ತಿದ್ದವು. ತಲೆಯ ಮೇಲೆ ಅದೇ ಹಳೇ ಚಿಂದಿ. ಕೋಡಿ ಹರಿಸಿದ್ದು ಯಾವ ನೀರು ಎಂದು ನನಗೆ ಗೊತ್ತಿತ್ತು. ಗೊತ್ತಿರಲಿಲ್ಲ ಎಂದು ಇಷ್ಟು ವರ್ಷಗಳಲ್ಲಿ ನನಗೆ ನಾನೇ ಬಗೆಬಗೆಯಾಗಿ ಅರ್ಜಿ ಹಾಕಿಕೊಂಡಿದ್ದೇನೆ, ಮಂಜೂರಾಗಿಲ್ಲ. ಮುದುಕನ ಆಸೆ ತೀರಲಿ, ಒಂದು ಮಾತಿನಿಂದ ಯಾರಿಗೇನು ನಷ್ಟ ಎಂದುಕೊಂಡೆ.

"ಒಂದು ಗೇಣು," ಎಂದೆ.

ಮಧ್ಯಾಹ್ನ ಆಫೀಸಿಗೆ ರಜೆ ಹಾಕಿ ನಾನೂ ನನ್ನ ಹೆಂಡತಿಯೂ ಕೋಡಿಗೆ ಹೋದೆವು. ತಮಟೆ ಬಡಿಯುತ್ತಿದ್ದರು. ಹೆಂಗಸರು ಮೊರದಲ್ಲಿ ಬಾಗಿನ ಹಿಡಿದು, ತಂಬಿಟ್ಟಿನ ಆರತಿ ಹೊತ್ತು ನಿಂತಿದ್ದರು. ಕಲ್ಲಿನ ಮೇಲಿಂದ ನೀರು ಬೀಳುವ ಕಡೆ ಮೊಣಕಾಲೆತ್ತರ ಬಿಳಿ ನೊರೆ ಎದ್ದು, ಗಾಳಿಗೆ ಉಂಡೆ ಉಂಡೆಯಾಗಿ ಹಾರುತ್ತಿತ್ತು.

"ನೋಡ್ರೇ, ತಾಯಿ ಹಾಲುಕ್ಕಿಸ್ತಾವ್ಳೆ!" ಎಂದಳು ಒಬ್ಬಾಕೆ. ಗೃಹಪ್ರವೇಶದಲ್ಲಿ ಹಾಲುಕ್ಕಿದಾಗ ಕೈಮುಗಿಯುವ ಹಾಗೆ ಎಲ್ಲರೂ ಕೈಮುಗಿದರು. ಹಾಲು ಎಂದ ಮೇಲೆ ವಾಸನೆಯ ಬಗ್ಗೆ ಯಾರೂ ಸೊಲ್ಲೆತ್ತಲಿಲ್ಲ.

ನನ್ನ ಹೆಂಡತಿ ಸೆರಗನ್ನು ಮೂಗಿಗೆ ಹಿಡಿದು, ನನ್ನ ಕಿವಿಯ ಹತ್ತಿರ, "ರೀ, ಇದು ನಮ್ಮ ಸೋಪಿನ ನೊರೆ ಅಲ್ವೇನ್ರೀ?" ಎಂದಳು.

"ಸುಮ್ನಿರೇ," ಎಂದೆ.

ಪಟೇಲರು ಮುಂದೆ ಬಂದರು. ತಟ್ಟೆಯಲ್ಲಿ ಕೆಂಪಂಚಿನ ಹೊಸ ರುಮಾಲು, ಎರಡು ವೀಳ್ಯದೆಲೆ. ನೀರುಗಂಟಿ ಹಳೆಯದನ್ನು ಬಿಚ್ಚಿ ಹೆಗಲಿಗೆ ಹಾಕಿಕೊಂಡು, ಬೋಳು ತಲೆಯಲ್ಲಿ ಕೋಡಿಯ ಕಲ್ಲಿಗಿಳಿದರು. ಬಗ್ಗಿದರು. ನೊರೆಯನ್ನು ಪಕ್ಕಕ್ಕೆ ಸರಿಸಿ ಬೊಗಸೆ ತುಂಬಿದರು. ತಮಟೆ ನಿಂತಿತು.

ಕುಡಿದರು. ಬಾಯಲ್ಲಿ ಇಟ್ಟುಕೊಂಡರು. ಅವರ ಕೆನ್ನೆ ಉಬ್ಬಿಕೊಂಡೇ ಇತ್ತು. ಮುಖ ತಿರುಗಿಸಿ ಜನರ ನಡುವೆ ಹುಡುಕಿದರು. ನಾನಿದ್ದ ಕಡೆಗೆ ನೋಡಿದರು, ನಾನು ಕಂಡೆನೋ ಇಲ್ಲವೋ. ನಾನು ತಲೆ ಆಡಿಸಿದೆ. ಹೌದು ಎಂಬಂತೆ ಆಡಿಸಿದೆ.

"ಏನೋ, ತಾಯಿ ತುಂಬಿದಾಳೇನೋ?" ಎಂದರು ಪಟೇಲರು.

ಗಂಟಲು ಒಮ್ಮೆ ಮೇಲೆ ಹೋಗಿ ಕೆಳಗೆ ಬಂತು. "ತುಂಬಿದಾಳೆ ಬುದ್ದಿ."

ತಮಟೆ ಶುರುವಾಯಿತು. ರುಮಾಲು ಕಟ್ಟಿದರು. ಮಂಗಳಾರತಿ ಆಯಿತು. ಅರಿಸಿನ, ಕುಂಕುಮ, ಹಸಿರು ಬಳೆ ಎಲ್ಲ ನೊರೆಯಲ್ಲಿ ತೇಲಿಕೊಂಡು ಮುಂದಿನ ಊರಿನ ಕಡೆ ಹೊರಟವು.

ಮರುದಿನ ಬೆಳಿಗ್ಗೆ ನನ್ನ ಹೆಂಡತಿ ಹಿತ್ತಲಿನಿಂದ ಕರೆದಳು. "ರೀ, ಆ ಅಜ್ಜ ನಮ್ಮ ಮೋರಿ ನೋಡ್ಕೊಂಡು ಕೂತಿದಾರೆ."

ಕೋಡಿಯಿಂದ ಕಾಲುವೆಗುಂಟ, ಬರಿಗಾಲಲ್ಲಿ, ನೀರು ಬಂದ ದಾರಿಯನ್ನೇ ಹಿಡಿದು ಅವರು ನಡೆದು ಬಂದಿದ್ದರು. ಮೊಣಕಾಲವರೆಗೆ ಕಪ್ಪು ಕೆಸರು, ಕೈಗೂ. ಹೊಸ ರುಮಾಲು ತಲೆಯ ಮೇಲಿತ್ತು. ಹೆಂಡತಿ ಬಟ್ಟೆ ಜಾಲಿಸಿ ಚೆಲ್ಲಿದ್ದ ನೀಲಿ ಹಾಕಿದ ನೀರು ಗೋಡೆಯ ತೂತಿನಿಂದ ಹೊರಬಂದು ಅವರ ಕಾಲ್ಬೆರಳುಗಳ ನಡುವೆ ಹರಿಯುತ್ತಿತ್ತು. ಒಂದು ಬೆರಳು ಅದ್ದಿ ನಾಲಗೆಗೆ ಮುಟ್ಟಿಸಿಕೊಂಡರು. ಔಷಧಿ ಅಂಗಡಿಯವನು ಚೀಟಿ ತಾಳೆ ನೋಡುವ ಹಾಗೆ.

"ಸೀಸೆ ನೋಡ್ಬೋದಾ ಸೋಮಿ?" ಎಂದರು.

ಸೀಸೆ! ಅವಸರದಲ್ಲಿ ಅದನ್ನು ಚೆಲ್ಲಿರಲೇ ಇಲ್ಲ. ಕೈ ಹಿಡಿದು ತಾರಸಿಗೆ ಕರೆದುಕೊಂಡು ಹೋದೆ. ಅವರು ಸೀಸೆಯ ಮುಂದೆ ಕುಕ್ಕರುಗಾಲಲ್ಲಿ ಕುಳಿತು, ಒರಟು ಬೆರಳುಗಳನ್ನು ಅಡ್ಡಡ್ಡ ಜೋಡಿಸಿ ಗಾಜಿಗೆ ಒತ್ತಿ ತಳದಿಂದ ಅಳೆದರು. ಒಂದು. ಎರಡು. ಮೂರು. ನಾಲ್ಕನೆಯ ಬೆರಳನ್ನು ಎತ್ತಿದವರು ಹಾಗೇ ಮಡಚಿದರು.

"ನಾಲಗೆ ಬ್ಯಾಡ ಅಂತು," ಎಂದರು, ಯಾರಿಗೋ ಹೇಳುವ ಹಾಗೆ. "ಸೀಸೆ ಹೌದು ಅಂತು. ಓದಿದೋರ ಸೀಸೆ ಅಲ್ವಾ ಅಂತ ನಾಲಗೇನ ನುಂಗ್ಕೊಂಡೆ."

"ನಿಮಗೆ ಒಳ್ಳೇದಾಗ್ಲಿ ಅಂತ ಹೇಳ್ದೆ ಯಜಮಾನ್ರೇ. ತಪ್ಪಾಯ್ತು."

"ನಂಗೆ ಒಳ್ಳೇದೇ ಆಯ್ತು ಬಿಡಿ. ಊರಿಗೊಂದ್ ಮಾತು ಹೇಳ್ಬುಟ್ನಲ್ಲ. ಐದು ತಲೆಮಾರು ಆ ಕಲ್ಲಿನ ಮೇಲೆ ನಿಂತ್ಕೊಂಡು ನಾವು ಸುಳ್ಳು ಹೇಳಿರ್ಲಿಲ್ಲ."

ಆಮೇಲೆ ರುಮಾಲು ಬಿಚ್ಚಿದರು. ಒಂದೊಂದೇ ಸುತ್ತು, ಅವಸರವಿಲ್ಲದೆ. ಬಿಚ್ಚಿ, ಮಡಿಸಿ, ನನ್ನ ಕೈಯಲ್ಲಿಟ್ಟರು.

"ಇದು ನಿಮ್ಮನೆ ನೀರಿಗೆ ಸಂದಿದ್ದು. ನೀವೇ ಮಡೀಕೊಳ್ಳಿ," ಎಂದರು. ಕುಹಕ ಇರಲಿಲ್ಲ. ನೀರು ಹಂಚುವ ಮನುಷ್ಯ, ಯಾರ ಪಾಲು ಯಾರಿಗೆ ಎಂದು ಹೇಳುವ ಧ್ವನಿಯಲ್ಲೇ ಹೇಳಿದರು. ಹೆಗಲ ಮೇಲಿದ್ದ ಹಳೇ ಚಿಂದಿಯನ್ನು ತಲೆಗೆ ಸುತ್ತಿಕೊಂಡು ಮೆಟ್ಟಿಲಿಳಿದರು. ಹೆಂಡತಿ ಕಾಫಿ ತಂದಿದ್ದಳು. ಕುಡಿದೇ ಹೋದರು. ಅದಕ್ಕೆ ಏನು ಅರ್ಥ ಎಂದು ನಾನು ಇವತ್ತಿಗೂ ಯೋಚಿಸುತ್ತೇನೆ.

ಅವರು ಹೇಳಿದ ಮಾತನ್ನು ನಂಬಿ ನಾಲ್ಕು ಮನೆಯವರು ಆ ಸಲ ಗದ್ದೆಗೆ ನಾಟಿ ಹಾಕಿದರು. ಪೈರು ಎದೆಯೆತ್ತರ ಬಂತು, ಕಡು ಹಸಿರು. ದಾರಿಯಲ್ಲಿ ಹೋಗುವವರು ನಿಂತು ನೋಡುವಂತಿತ್ತು. ಕಾಳು ಕಟ್ಟಲಿಲ್ಲ. ಕುಯ್ದು ದನಕ್ಕೆ ಹಾಕಿದರು, ದನ ಮೂಸಿ ಬಿಟ್ಟವು. ನೀರುಗಂಟಿ ಆ ಗದ್ದೆಗಳ ಬದುವಿನ ಮೇಲೆ ಓಡಾಡುವುದನ್ನು ನಿಲ್ಲಿಸಿ, ಸುತ್ತು ಬಳಸಿ ಏರಿಗೆ ಬರತೊಡಗಿದರು. ಚಳಿ ಬಂತು. ಬಾತುಗಳು ಒಂದು ಸಂಜೆ ಕೆರೆಯ ಮೇಲೆ ಎರಡು ಸುತ್ತು ಹಾಕಿ, ಇಳಿಯದೆ ಕೆಂಗೇರಿಯ ಕಡೆ ಹೋದವು.

ನಾನು ಸಂಘದಲ್ಲಿ ಮೋರಿಯ ವಿಷಯ ಎತ್ತಿದೆ. ಅದನ್ನು ಬೇರೆ ಕಡೆ ತಿರುಗಿಸಬೇಕು ಎಂದೆ. ಎಲ್ಲಿಗೆ ಎಂದರು. ಗೊತ್ತಿಲ್ಲ ಎಂದೆ. ನೂರು ಮನೆಯವರು ನನ್ನನ್ನು ಕನಿಕರದಿಂದ ನೋಡಿ, ಕಾರ್ಯದರ್ಶಿಯನ್ನು ಬದಲಾಯಿಸಿದರು. ನೀರುಗಂಟಿ ಮಾತ್ರ ಅದಾದ ಮೇಲೂ ಮಳೆ ಬಿದ್ದ ಮರುದಿನ ಗೇಟಿಗೆ ಬರುತ್ತಿದ್ದರು. ಎಷ್ಟು ಬೆರಳು ಎಂದು ಕೇಳುತ್ತಿರಲಿಲ್ಲ. ನಾನು ಸೀಸೆಯನ್ನೇ ಕೆಳಗೆ ತಂದು ಅವರ ಕೈಗೆ ಕೊಡುತ್ತಿದ್ದೆ. ಅವರೇ ಅಳೆದುಕೊಂಡು ಹೋಗುತ್ತಿದ್ದರು. ಆಮೇಲಿನ ಮಳೆಗಾಲಗಳಲ್ಲಿ ಅವರ ಬೆರಳು ಒಂದು ದಿನವೂ ಮೂರನ್ನು ದಾಟಲಿಲ್ಲ. ಕೋಡಿಯ ಮೇಲೆ ನೀರೇನೋ ವರ್ಷವಿಡೀ ಹರಿಯುತ್ತಿತ್ತು. ಪಟೇಲರು ಎರಡು ಸಲ ಹೇಳಿ ಕಳಿಸಿದರಂತೆ. ನೀರುಗಂಟಿ ಕಲ್ಲಿಗಿಳಿಯಲಿಲ್ಲ.

ಆ ದಶಕ ಮುಗಿಯುವ ಮೊದಲೇ ಅವರು ಹೋದರು. ಸುದ್ದಿ ಕೇಳಿ ನಾನು ರುಮಾಲು ಹಿಡಿದುಕೊಂಡು ಓಡಿದೆ. ಕೊನೆಗಾದರೂ ತಲೆಗೆ ಸುತ್ತಲಿ ಎಂದು. ಅವರ ಹೆಂಡತಿ ಬಾಗಿಲಲ್ಲೇ ತಡೆದರು. "ಬ್ಯಾಡಿ ಸೋಮಿ. ಅದು ನಮ್ದಲ್ಲ ಅಂತ ಹೇಳವ್ರೆ," ಎಂದರು. ಹಳೇ ಚಿಂದಿಯಲ್ಲೇ ಕಳಿಸಿಕೊಟ್ಟರು.

ರುಮಾಲು ನಮ್ಮ ಮನೆಯ ಟ್ರಂಕಿನಲ್ಲಿದೆ. ಕೆಂಪಂಚು ಇನ್ನೂ ಕೆಂಪಾಗಿಯೇ ಇದೆ, ಬಿಳಿ ಹಳದಿಗೆ ತಿರುಗಿದೆ. ಮಡಿಕೆಯ ಒಂದು ಕಡೆ ಅವರು ಅಂದು ಕೆಸರು ಕೈಯಲ್ಲಿ ಹಿಡಿದ ಗುರುತು, ಮೂರು ಬೆರಳಿನದು. ಒಗೆದು ಇಡಬಾರದೇ ಎಂದು ಹೆಂಡತಿ ಪ್ರತಿ ಯುಗಾದಿಗೂ ಕೇಳುತ್ತಾಳೆ. ನಾನು ಒಗೆಯಲು ಬಿಟ್ಟಿಲ್ಲ. ಆ ನೀರು ಎಲ್ಲಿಗೆ ಹೋಗುತ್ತದೆ ಎಂಬುದು ಈಗ ನನಗೆ ಗೊತ್ತು.